ಚಟ್ನಿ ಹೊಗಳಿ ಎದ್ದು ಹೋದವರು

(ಮುಂಬೈಯ ಮಾಟುಂಗಾದಲ್ಲಿ ಒಂದು ಭಾನುವಾರ ಸಂಜೆ ಕನ್ನಡ ಗೆಳೆಯರ ಮುಂದೆ ಆಡಿದ ಮಾತು. ಬರೆಯುವಾಗ ಎರಡೆರಡು ಸಲ ಹೇಳಿದ್ದನ್ನು ತೆಗೆದಿದ್ದೇನೆ. ತಮಾಷೆಗಳನ್ನು ತೆಗೆದಿಲ್ಲ.)

ಎಲ್ಲರಿಗೂ ನಮಸ್ಕಾರ. ಮಳೆ, ಜೊತೆಗೆ ಲೋಕಲ್ ರೈಲು ನಿಲ್ಲಿಸಿ ರಿಪೇರಿ ಮಾಡುವ ಭಾನುವಾರದ ಮೆಗಾ ಬ್ಲಾಕ್. ಇಷ್ಟಾದರೂ ಇಷ್ಟು ಜನ ಬಂದಿದ್ದೀರಿ. ಮಾತು ಮುಗಿದ ಮೇಲೆ ಬಿಸಿ ಗೋಳಿಬಜೆ ಇದೆ ಎಂದು ಮೆಸೇಜಿನಲ್ಲೇ ಹಾಕಿದ್ದು ಒಳ್ಳೆಯದಾಯಿತು.

ಹಿಂದಿ ಸಿನಿಮಾಗಳಿಗೆ ಕತೆ, ಚಿತ್ರಕಥೆ ಬರೆದ ಹನಿ ಇರಾನಿಯವರ ಬಗ್ಗೆ ಮಾತು ಎಂದು ಆ ಮೆಸೇಜು ಹೋದ ದಿನವೇ ನಮ್ಮ ಖಜಾಂಚಿಗಳು ನನಗೆ ಫೋನ್ ಮಾಡಿದರು. "ಹನಿ ಇರಾನಿಯಾ? ಅದ್ಯಾರು ಮಾರಾಯ್ರೆ? ನಮ್ಮ ಪಡುಕೋಣೆಯ ಗುರುದತ್ತರನ್ನು ಬಿಟ್ಟು ಇರಾನಿಯವರ ಕತೆ ಯಾಕೆ?" ಅವರು ಇಲ್ಲೇ ಮೊದಲ ಸಾಲಿನಲ್ಲಿ ಕೂತಿದ್ದಾರೆ, ನಗುತ್ತಿದ್ದಾರೆ. ಅವರ ಮಾತು ತಪ್ಪಲ್ಲ. ನಿರ್ದೇಶಕ ಗುರುದತ್ತರು ಹುಟ್ಟಿದ್ದು 1925ರಲ್ಲಿ, ಬೆಂಗಳೂರಿನಲ್ಲಿ. ತಮ್ಮ ಆತ್ಮಾರಾಮ್ ನಿರ್ದೇಶಕ, ತಂಗಿ ಲಲಿತಾ ಲಾಜ್ಮಿ ಚಿತ್ರಕಲಾವಿದೆ, ಲಲಿತಾ ಅವರ ಮಗಳು ಕಲ್ಪನಾ ಲಾಜ್ಮಿ ನಿರ್ದೇಶಕಿ. ಶ್ಯಾಮ್ ಬೆನೆಗಲ್ ಕೂಡ ಅದೇ ಬಳಗದವರು. ಸಿನಿಮಾ ಮನೆತನ ಅಂದರೆ ಇದಲ್ಲವೇ ಎಂದು ನಾವು ಪ್ರತಿ ನಾಡಹಬ್ಬದಲ್ಲೂ ಹೇಳಿಕೊಂಡಿದ್ದೇವೆ. ಆದರೆ ಗುರುದತ್ತರ ಒಳ್ಳೊಳ್ಳೆಯ ಸಿನಿಮಾಗಳಿಗೆ ಬರೆದ ಅಬ್ರಾರ್ ಅಲ್ವಿಯವರ ಬಗ್ಗೆ ಇಲ್ಲಿ ಎಷ್ಟು ಸಲ ಮಾತಾಡಿದ್ದೇವೆ? ಒಂದು ಸಲವೂ ಇಲ್ಲ. ಬರೆಯುವವರನ್ನು ನಾವು ಕೇಳುವುದೇ ಇಲ್ಲ. ಅದಕ್ಕೇ ಈ ಹಟ.

ಇನ್ನು ಇರಾನಿಯವರ ವಿಷಯ. ನಾನು ಹೋಟೆಲಿನವರ ಮನೆಯ ಹುಡುಗ. ನಮಗೂ, ಇರಾನಿನಿಂದ ಬಂದು ಚಹಾದಂಗಡಿ ಇಟ್ಟ ಇರಾನಿಯವರಿಗೂ ಮುಂಬೈಯಲ್ಲಿ ಹಳೇ ಪೈಪೋಟಿ. ಅವರದು ಬನ್ ಮಸ್ಕಾ, ನಮ್ಮದು ಇಡ್ಲಿ. ಅವರದು ಮೂಲೆ ಅಂಗಡಿ, ನಮಗೆ ಆ ಮೂಲೆಯ ಮೇಲೇ ಕಣ್ಣು. ಹಾಗಾಗಿ ಒಬ್ಬ ಇರಾನಿ ಹೆಣ್ಣುಮಗಳನ್ನು ಹೊಗಳಲು ನಾನು ನಿಂತಿದ್ದೇನೆ ಅಂದರೆ ಅದರಲ್ಲಿ ಸ್ವಜನ ಪಕ್ಷಪಾತ ಇಲ್ಲ ಎಂದು ನಂಬಬಹುದು.

ನಾನು ಊರಿನಿಂದ ಬಂದದ್ದು 1971ರಲ್ಲಿ. ದೊಡ್ಡಪ್ಪನ ಹೋಟೆಲು ಅಂಧೇರಿಯಲ್ಲಿ, ಸ್ಟುಡಿಯೊಗಳಿಗೆ ಹೋಗುವ ದಾರಿಯಲ್ಲಿ. ಹಗಲು ಗಲ್ಲಾ, ಸಂಜೆ ರಾತ್ರಿಶಾಲೆ. ಹೋಟೆಲಿನ ಹಿಂದಿನ ಮೂಲೆಯ ಟೇಬಲ್ಲಿಗೆ ಮಾಣಿಗಳು ಇಟ್ಟ ಹೆಸರು 'ಸಿಟಿಂಗ್ ಟೇಬಲ್'. ಸಿನಿಮಾದವರು ಅಲ್ಲಿ ಕತೆಗೆ ಕೂರುತ್ತಿದ್ದರು. ಎರಡು ಕಾಫಿಗೆ ಮೂರು ಗಂಟೆ. ದೊಡ್ಡಪ್ಪನಿಗೆ ಹೊಟ್ಟೆ ಉರಿ, ನನಗೆ ಹಬ್ಬ.

ಒಂದು ದಿನದ್ದು ಇನ್ನೂ ಕಣ್ಣಿಗೆ ಕಟ್ಟಿದೆ. ಒಬ್ಬರು ಕತೆ ಹೇಳುತ್ತಿದ್ದರು. ಚಪ್ಪಲಿಯ ಪಟ್ಟಿ ಹರಿದಿತ್ತು, ಪಿನ್ನು ಹಾಕಿಕೊಂಡಿದ್ದರು. ಎದುರಿಗೆ ನಿರ್ಮಾಪಕರು. ಇವರು ನೀರಿನ ಲೋಟವನ್ನು ತಾಯಿ ಮಾಡಿದರು, ಉಪ್ಪಿನ ಡಬ್ಬಿಯನ್ನು ಮಗ ಮಾಡಿದರು. ಮಾತಾಡುತ್ತಾ ಆಡುತ್ತಾ ಉಪ್ಪಿನ ಡಬ್ಬಿಯನ್ನು ಇಷ್ಟಿಷ್ಟೇ ಸರಿಸಿ ಮೇಜಿನ ಅಂಚಿಗೆ ತಂದರು. ಆಮೇಲೆ ಮಾತು ನಿಲ್ಲಿಸಿದರು. ನಿರ್ಮಾಪಕರ ಕಣ್ಣಲ್ಲಿ ನೀರು. ಗಲ್ಲಾದಲ್ಲಿದ್ದ ನಾನು ಚಿಲ್ಲರೆ ಎಣಿಸುವುದನ್ನೇ ಮರೆತೆ. ಆಗ ನಿರ್ಮಾಪಕರು ಮೂಗು ಒರೆಸಿಕೊಂಡು ಕೇಳಿದರು: "ಬಹಳ ಚೆನ್ನಾಗಿದೆ. ಕಾಮಿಡಿ ಎಲ್ಲಿ ಬರುತ್ತೆ?"

ಈ ಕೆಲಸ ಏನು ಎಂದು ಅವತ್ತು ನನಗೆ ಸ್ವಲ್ಪ ಗೊತ್ತಾಯಿತು. ಹಿಂದಿ ಸಿನಿಮಾದಲ್ಲಿ ಬರವಣಿಗೆಗೆ ಮೂರು ಹೆಸರು ಹಾಕುತ್ತಾರೆ: ಕಥೆ, ಚಿತ್ರಕಥೆ, ಸಂಭಾಷಣೆ. ಹೋಟೆಲಿನ ಭಾಷೆಯಲ್ಲಿ ಹೇಳುವುದಾದರೆ ಕಥೆ ಅಂದರೆ ಅಕ್ಕಿ, ಉದ್ದು. ಚಿತ್ರಕಥೆ ಅಂದರೆ ಎಷ್ಟು ನೆನೆಸಬೇಕು, ಎಷ್ಟು ರುಬ್ಬಬೇಕು, ಹುಳಿ ಬರಲು ಎಷ್ಟು ಹೊತ್ತು ಬಿಡಬೇಕು ಎಂಬ ಹದ. ಸಂಭಾಷಣೆ ಚಟ್ನಿ. ಗಿರಾಕಿ ಚಟ್ನಿಯನ್ನು ಹೊಗಳಿ ಎದ್ದು ಹೋಗುತ್ತಾನೆ. ರುಬ್ಬಿದವನನ್ನು ಯಾರೂ ಕೇಳುವುದಿಲ್ಲ. ಹನಿ ಇರಾನಿ ಜಾಸ್ತಿ ಮಾಡಿದ್ದು ರುಬ್ಬುವ ಕೆಲಸ.

ಅವರ ಹೆಸರಿನ ಬಗ್ಗೆ ಒಂದು ಮಾತು. ಹನಿ ಅಂದರೆ ನಮಗೆ ನೀರಿನ ಹನಿ. ಅವರಿಗೆ ಅದು ಜೇನು. ಜೇನಿನ ಹೆಸರಿಟ್ಟ ಆ ಮಗುವನ್ನು ಅಕ್ಷರ ಕೂಡಿಸಿ ಓದುವ ವಯಸ್ಸಿಗೆ ಮೊದಲೇ ಕ್ಯಾಮೆರಾ ಮುಂದೆ ನಿಲ್ಲಿಸಿದರು. ಅಕ್ಕ ಡೇಸಿ 1955ರ 'ಬಂದಿಶ್' ಸಿನಿಮಾದಲ್ಲೇ ಹೆಸರು ಮಾಡಿದ್ದಳು. ಗುಂಗುರು ಕೂದಲಿನ ಡೇಸಿ ಹೆಚ್ಚಾಗಿ ಗಂಡು ಹುಡುಗನ ಪಾತ್ರ ಮಾಡುತ್ತಿದ್ದಳು. ಹನಿಯ ಕತೆಯೂ ಅದೇ. 1959ರ 'ಚಿರಾಗ್ ಕಹಾಂ ರೋಶನಿ ಕಹಾಂ' ಸಿನಿಮಾದಲ್ಲಿ ಮೀನಾಕುಮಾರಿ, ರಾಜೇಂದ್ರ ಕುಮಾರ್ ನಡುವೆ ಓಡಾಡುವ ಪುಟ್ಟ ಹುಡುಗ ಯಾರು ಅಂದುಕೊಂಡಿರಿ? ಇದೇ ಹನಿ.

ಬಾಲನಟರನ್ನು ನೋಡಿ ನಾವು "ಎಷ್ಟು ಮುದ್ದು" ಎನ್ನುತ್ತೇವೆ. ಅಲ್ಲಿ ಮಗುವಿನ ಶಾಲೆ, ನಿದ್ದೆ, ಆಟ ಎಲ್ಲ ಹೋಗಿರುತ್ತದೆ. ಬಾಲ್ಯದಲ್ಲಿ ಶೂಟಿಂಗಿಗೆ ಹೋದಾಗ ತಮ್ಮ ಮೇಲೆ ನಡೆದ ದೌರ್ಜನ್ಯವನ್ನು ಡೇಸಿಯವರು 2018ರಲ್ಲಿ ಬಾಯಿಬಿಟ್ಟು ಹೇಳಿದರು. ಅರವತ್ತು ವರ್ಷದ ಹಿಂದಿನ ಮಾತು ಅದು. ಸಿನಿಮಾ ಮನೆತನ ಎಂದು ನಾವು ಹಗುರವಾಗಿ ಹೇಳುವಾಗ ಇದೂ ನೆನಪಿರಲಿ.

ಮೇನಕಾ, ಡೇಸಿ, ಹನಿ, ಮೂವರು ಅಕ್ಕತಂಗಿಯರೂ ಮದುವೆಯಾದದ್ದು ಸಿನಿಮಾದವರನ್ನೇ. ಮೇನಕಾ ಅವರ ಗಂಡ ಕಾಮ್ರಾನ್ ಖಾನ್, ಸಣ್ಣ ಬಜೆಟ್ಟಿನ ಸ್ಟಂಟ್ ಸಿನಿಮಾಗಳನ್ನು ತೆಗೆಯುತ್ತಿದ್ದವರು. ಅವರ ಮಕ್ಕಳೇ ಫರಾ ಖಾನ್, ಸಾಜಿದ್ ಖಾನ್. ಒಂದು ಸಿನಿಮಾ ಮುಳುಗಿ ಮನೆ ಬರಿದಾದದ್ದನ್ನು ಫರಾ ಎಷ್ಟೋ ಸಲ ಹೇಳಿಕೊಂಡಿದ್ದಾರೆ. ಡೇಸಿಯವರ ಗಂಡ ಕೆ.ಕೆ. ಶುಕ್ಲಾ ಚಿತ್ರಕಥೆಗಾರರು. ಹನಿಯವರ ಗಂಡ ಜಾವೇದ್ ಅಖ್ತರ್.

ಆ ಮದುವೆಯ ಕತೆ ಒಂದು ಸೀನಿನ ಹಾಗೇ ಇದೆ. 1972ರ 'ಸೀತಾ ಔರ್ ಗೀತಾ' ಶೂಟಿಂಗ್. ಜಾವೇದ್ ಬರೆಯುವವರು, ಹನಿಗೆ ಸಣ್ಣ ಪಾತ್ರ. ಬಿಡುವಿನಲ್ಲಿ ಇಸ್ಪೀಟು. ಜಾವೇದ್ ಸೋಲುತ್ತಿದ್ದರು. ನಿಮ್ಮ ಎಲೆ ನಾನು ಎತ್ತಿ ಕೊಡ್ತೀನಿ ಎಂದರಂತೆ ಹನಿ. ಒಳ್ಳೆ ಎಲೆ ಬಂದರೆ ನಿನ್ನನ್ನೇ ಮದುವೆ ಆಗ್ತೀನಿ ಎಂದರಂತೆ ಇವರು. ಬಂತು. ಅದೇ ವರ್ಷ ಮದುವೆ, ಅದೇ ವರ್ಷ ಮಗಳು ಜೋಯಾ. ಮಗ ಫರ್ಹಾನ್ ಹುಟ್ಟಿದ್ದು 1974ರ ಜನವರಿಯಲ್ಲಿ. ಆಗ ನಮ್ಮ ರಾಮನಗರದ ಬಂಡೆಗಳ ಮೇಲೆ 'ಶೋಲೆ' ಶೂಟಿಂಗ್ ನಡೆಯುತ್ತಿತ್ತು. ಅಲ್ಲಿ ಗಬ್ಬರ್ ಗರ್ಜಿಸುತ್ತಿದ್ದಾಗ ಅವನನ್ನು ಬರೆದವರಲ್ಲಿ ಒಬ್ಬರ ಮನೆಯಲ್ಲಿ ಕೈಗೂಸು ಅಳುತ್ತಿತ್ತು. ಹೆಂಡತಿ ನಟನೆ ಬಿಟ್ಟು ಕೈಗೂಸನ್ನೂ ಅಂಬೆಗಾಲಿನ ಮಗಳನ್ನೂ ನೋಡಿಕೊಳ್ಳುತ್ತಿದ್ದರು.

ಗಂಡನ ಮನೆಯೂ ಬರೆಯುವವರದೇ. ಮಾವ ಜಾಂ ನಿಸಾರ್ ಅಖ್ತರ್ ಉರ್ದು ಕವಿ, ಸಿನಿಮಾ ಹಾಡುಗಳನ್ನೂ ಬರೆದವರು. ಗಂಡನ ಸೋದರಮಾವ ಕವಿ ಮಜಾಜ್. ಇಷ್ಟೆಲ್ಲ ಪೆನ್ನುಗಳ ನಡುವೆ ಹನಿಯವರ ಕೈಯಲ್ಲಿ ಪೆನ್ನು ಇರಲಿಲ್ಲ. ನಾನು ಇಲ್ಲಿ ಸ್ವಲ್ಪ ನಿಲ್ಲುತ್ತೇನೆ. ಮನೆತನದಿಂದ ಬಾಗಿಲು ತೆರೆಯುತ್ತದೆ ಎನ್ನುತ್ತಾರೆ. ಇವರ ವಿಷಯದಲ್ಲಿ ಬಾಗಿಲು ಯಾವಾಗಲೂ ತೆರೆದೇ ಇತ್ತು. ಅದರೊಳಗಿಂದ ಬರುತ್ತಿದ್ದವರಿಗೆ ಚಹಾ ಕೊಡುವ ಕೆಲಸ ಇವರ ಪಾಲಿಗೆ ಬಂದಿತ್ತು, ಅಷ್ಟೇ.

ಸಲೀಂ-ಜಾವೇದ್ ಜೋಡಿ ಬರಹಗಾರರ ಮರ್ಯಾದೆ ಹೆಚ್ಚಿಸಿದ್ದು ಸುಳ್ಳಲ್ಲ. 1973ರ 'ಜಂಜೀರ್' ಪೋಸ್ಟರಿನಲ್ಲಿ ತಮ್ಮ ಹೆಸರಿಲ್ಲ ಎಂದು ಪೇಂಟರನ್ನು ಕಳಿಸಿ ಊರಿಡೀ ಹೆಸರು ಬರೆಸಿದರು ಎಂಬುದು ಈಗ ದಂತಕತೆ. ಪಾಪ ಆ ಪೇಂಟರ್, ಅವಸರದಲ್ಲಿ ಕೆಲವು ಕಡೆ ಹೀರೋನ ಮೂತಿ ಮೇಲೇ ಬರೆದಿದ್ದನಂತೆ.

ಈ ಪೋಸ್ಟರಿನ ಮಾತು ಬಂದಾಗೆಲ್ಲ ನನ್ನದೊಂದು ಹಳೇ ಗಾಯ ಕೆರೆಯುತ್ತದೆ, ಹೇಳಿಬಿಡುತ್ತೇನೆ. ಎಂಬತ್ತರ ದಶಕದಲ್ಲಿ ನಾನೂ ಒಂದು ಕತೆ ಬರೆದೆ. ರಾತ್ರಿಶಾಲೆಯ ಹುಡುಗನದ್ದು. ಹಿಂದಿಯಲ್ಲಿ ಟೈಪ್ ಮಾಡಿಸಿ, ಹಸಿರು ಫೈಲಿನಲ್ಲಿ ಹಾಕಿ ಒಬ್ಬರಿಗೆ ಕೊಟ್ಟೆ. ಫೈಲು ವಾಪಸು ಬರಲಿಲ್ಲ. ಎರಡು ವರ್ಷದ ಮೇಲೆ ಥಿಯೇಟರಿನಲ್ಲಿ ಕೂತಿದ್ದೇನೆ, ನನ್ನ ಹುಡುಗ ತೆರೆಯ ಮೇಲೆ ಬೀದಿದೀಪದ ಕೆಳಗೆ ಮಸಾಲೆ ಅರೆಯುತ್ತಾ ಪಾಠ ಬಾಯಿಪಾಠ ಮಾಡುತ್ತಿದ್ದಾನೆ! ಮಸಾಲೆ ಸಮೇತ. ಬರಹಗಾರರ ಸಂಘದಲ್ಲಿ ಕತೆಯ ಪ್ರತಿ ಹಾಳೆಗೂ ಮೊಹರು ಹಾಕಿಸಿ ಇಟ್ಟುಕೊಳ್ಳಬೇಕು ಎಂಬುದೇ ನನಗೆ ಗೊತ್ತಿರಲಿಲ್ಲ. ಜಗಳ ಮಾಡಲಿಲ್ಲ. ಬೆಳಗ್ಗೆ ನಾಲ್ಕಕ್ಕೆ ಹಾಲಿನವನು ಬರುತ್ತಿದ್ದ, ಏಳಬೇಕಿತ್ತು.

ಸರಿ, ವಿಷಯಕ್ಕೆ ಬರೋಣ. ಮುಂದೆ ಹನಿ ಮತ್ತು ಜಾವೇದ್ ಬೇರೆಯಾದರು. ಮಕ್ಕಳು ತಾಯಿಯ ಜೊತೆ ಬೆಳೆದರು. ಅದರ ಒಳಗೆ ಇಣುಕುವುದು ನಮ್ಮ ಕೆಲಸ ಅಲ್ಲ. 1991ರ ನವೆಂಬರ್‌ನಲ್ಲಿ ಯಶ್ ಚೋಪ್ರಾ ಅವರ 'ಲಮ್ಹೆ' ಬಂತು, ಅದರ ಕತೆ ಹನಿ ಇರಾನಿಯವರದ್ದು ಎಂಬುದು ನಮ್ಮ ವಿಷಯ. ಚಿತ್ರಕಥೆಯಲ್ಲಿ ಅವರ ಜೊತೆ ರಾಹಿ ಮಾಸೂಮ್ ರಜಾ ಇದ್ದರು, ಟಿವಿಯ 'ಮಹಾಭಾರತ'ಕ್ಕೆ ಮಾತು ಬರೆದವರು.

'ಲಮ್ಹೆ' ನೋಡದವರಿಗೆ ಎರಡೇ ಮಾತು. ವೀರೇನ್ ಲಂಡನ್ನಿನಿಂದ ರಾಜಸ್ಥಾನಕ್ಕೆ ಬರುತ್ತಾನೆ, ತನಗಿಂತ ದೊಡ್ಡವಳಾದ ಪಲ್ಲವಿಯನ್ನು ಪ್ರೀತಿಸುತ್ತಾನೆ. ಅವಳ ಮನಸ್ಸು ಬೇರೆಯವನ ಮೇಲೆ. ಮದುವೆ ಮಾಡಿಕೊಡುತ್ತಾನೆ. ಪಲ್ಲವಿ, ಅವಳ ಗಂಡ ಇಬ್ಬರೂ ತೀರಿಕೊಂಡು ಒಂದು ಹೆಣ್ಣುಮಗು ಉಳಿಯುತ್ತದೆ. ಮಗು ಬೆಳೆದು ಥೇಟ್ ತಾಯಿಯ ಹಾಗೇ ಆಗುತ್ತದೆ, ವೀರೇನ್‌ನನ್ನೇ ಪ್ರೀತಿಸುತ್ತದೆ. ತಾಯಿ, ಮಗಳು ಎರಡೂ ಶ್ರೀದೇವಿ. ಮಗುವನ್ನು ಸಾಕುವ ದಾಯಿಜಾ ವಹೀದಾ ರೆಹಮಾನ್. ಖಜಾಂಚಿಗಳೇ, ನೋಡಿ, ಗುರುದತ್ತರ ನಾಯಕಿಯನ್ನು ಹೇಗೋ ಕರೆತಂದೆ.

ಆ ಸಿನಿಮಾ ಇಲ್ಲಿ ಓಡಲಿಲ್ಲ, ಹೊರದೇಶದಲ್ಲಿ ಚೆನ್ನಾಗಿ ಓಡಿತು. ಸಾಕಿದವನ ಹಾಗಿದ್ದವನನ್ನು ಹುಡುಗಿ ಮದುವೆಯಾಗುವುದೇ ಎಂದು ಜನ ಮುಖ ತಿರುಗಿಸಿದರು. ನಾನು ಅಮ್ಮನನ್ನು ಕರೆದುಕೊಂಡು ಹೋಗಿದ್ದೆ. ಅಮ್ಮನಿಗೆ ಹಿಂದಿ ಅಷ್ಟಕ್ಕಷ್ಟೇ. ಹೊರಗೆ ಬಂದು "ಹೇಗಿತ್ತಮ್ಮ?" ಎಂದೆ. "ಇದಕ್ಕೆ ಯಾಕೆ ಅಷ್ಟು ಅಳೋದು? ನಮ್ಮಲ್ಲಿ ಸೋದರಮಾವನಿಗೇ ಕೊಡ್ತಾರಲ್ಲ" ಎಂದಳು. ಒಂದೇ ಕತೆ ಊರಿಂದೂರಿಗೆ ಹೇಗೆ ಹಗುರ, ಭಾರ ಆಗುತ್ತದೆ ನೋಡಿ. ಆದರೆ ಅಮ್ಮ ಟ್ಯಾಕ್ಸಿಯಲ್ಲಿ ಇನ್ನೊಂದು ಮಾತು ಹೇಳಿದಳು: "ಆ ಹುಡುಗಿ ಪಾಪ. ತಾಯಿ ಮುಖ ಹೊತ್ತುಕೊಂಡು ಹುಟ್ಟಿದ್ದೇ ಅವಳ ಕಷ್ಟ." ನನಗೆ ಆ ಕತೆಯ ಗಂಟು ಬಿಚ್ಚಿದ್ದು ಅಲ್ಲಿ. ತನ್ನನ್ನು ನೋಡುವವನು ತನ್ನನ್ನು ನೋಡುತ್ತಿಲ್ಲ, ಇನ್ಯಾರನ್ನೋ ನೋಡುತ್ತಿದ್ದಾನೆ. ಇದು ದ್ವಿಪಾತ್ರದ ಗಿಮಿಕ್ ಅಲ್ಲ. ಮಗಳಿಗೆ ಬೇರೆ ನಟಿಯನ್ನು ಹಾಕಿದರೆ ಕತೆಯೇ ನಿಲ್ಲುವುದಿಲ್ಲ.

ಗಲ್ಲಾಪೆಟ್ಟಿಗೆ ಕೈಕೊಟ್ಟರೂ ಫಿಲಂಫೇರ್ ಕೈಬಿಡಲಿಲ್ಲ. ಅತ್ಯುತ್ತಮ ಚಿತ್ರ, ಶ್ರೀದೇವಿಯವರಿಗೆ ನಟಿ ಪ್ರಶಸ್ತಿ, ಹನಿಯವರಿಗೆ ಕಥೆ ಪ್ರಶಸ್ತಿ, ರಾಹಿಯವರಿಗೆ ಸಂಭಾಷಣೆ ಪ್ರಶಸ್ತಿ.

1993ರಲ್ಲಿ 'ಆಯಿನಾ', ಆಮೇಲೆ ಡಿಸೆಂಬರಿನಲ್ಲಿ 'ಡರ್'. 'ಆಯಿನಾ'ದಲ್ಲಿ ಇಬ್ಬರು ಅಕ್ಕತಂಗಿಯರು. ಅಕ್ಕ ಚೆಲುವೆ, ಎಲ್ಲರ ಕಣ್ಮಣಿ. ತಂಗಿಯನ್ನು ಯಾರೂ ಗಮನಿಸುವುದಿಲ್ಲ. ಸಿನಿಮಾದಲ್ಲಿ ನಟಿಸಲು ಅಕ್ಕ ಮದುವೆಯ ದಿನವೇ ಮನೆ ಬಿಟ್ಟು ಹೋಗುತ್ತಾಳೆ, ಆ ಮಂಟಪದಲ್ಲಿ ತಂಗಿಯನ್ನು ಕೂರಿಸುತ್ತಾರೆ. ನೋಡುತ್ತಾ ಹೋದರೆ ಹನಿಯವರ ಕತೆಗಳಲ್ಲಿ ಇವರೇ ಸಿಗುತ್ತಾರೆ: ಯಾರಿಗೂ ಬೇಡವಾದವರು, ಎರಡನೆಯವರು, ಬಾಗಿಲಲ್ಲಿ ನಿಂತವರು. ಅವರ ಬದುಕಿಗೂ ಇದಕ್ಕೂ ನಂಟು ಹಾಕಲು ಸುಲಭ, ನಾನು ಹಾಕುವುದಿಲ್ಲ. ಬರೆಯುವವರಿಗೆ ಕಲ್ಪನೆ ಎಂಬುದೂ ಇರುತ್ತದೆ ಅಲ್ವಾ?

'ಡರ್' ಎಲ್ಲರೂ ನೋಡಿದ್ದೀರಿ, ರಾಹುಲ್ ಎಂಬವನು ಕಿರಣ್ ಎಂಬ ಹುಡುಗಿಯ ಬೆನ್ನು ಬೀಳುವ ಕತೆ. ಕ-ಕ-ಕ-ಕಿರಣ್. ಆ ವರ್ಷ ನಮ್ಮ ಹೋಟೆಲಿನ ಮಾಣಿಗಳೆಲ್ಲ ತೊದಲುತ್ತಿದ್ದರು. ಶಾರುಖ್ ಖಾನ್ ಖಳನಾಯಕ, ಸನ್ನಿ ದೇವಲ್ ನಾಯಕ, ಆದರೂ ಶಿಳ್ಳೆ ಬಿದ್ದದ್ದು ಖಳನಾಯಕನಿಗೆ. ಅದರಲ್ಲಿ ನಟನ ಪಾಲು ದೊಡ್ಡದು, ಒಪ್ಪೋಣ. ಆದರೆ ಕಾಗದದ ಮೇಲೆ ಏನಿತ್ತು ಎಂಬುದನ್ನು ನೋಡಿ. ರಾಹುಲ್ ಫೋನಿನಲ್ಲಿ ಅಮ್ಮನ ಜೊತೆ ಮಾತಾಡುತ್ತಾನೆ. ಕಿರಣ್ ಬಗ್ಗೆ ಹೇಳುತ್ತಾನೆ, ನಾಚುತ್ತಾನೆ. ಪಾಪದ ಹುಡುಗ, ತಾಯಿಗೆ ಎಲ್ಲವನ್ನೂ ಹೇಳುತ್ತಾನೆ ಎಂದು ನಮಗೆ ಅನ್ನಿಸುತ್ತದೆ. ಆ ತಾಯಿ ಸತ್ತು ಎಷ್ಟೋ ವರ್ಷವಾಗಿದೆ ಎಂದು ಆಮೇಲೆ ಗೊತ್ತಾಗುತ್ತದೆ. ಆ ಕಡೆ ಯಾರೂ ಇಲ್ಲ! ಹೊಡೆದಾಟ ಇಲ್ಲ, ರಕ್ತ ಇಲ್ಲ, ಬರೀ ಒಂದು ರಿಸೀವರ್. ಅದೇ ಫೋನಿನಿಂದ ಅವನು ಕಿರಣ್‌ಗೂ ಕಾಟ ಕೊಡುತ್ತಾನೆ. ಬೀದಿಬೀದಿಗೂ ಹಳದಿ ಬೋರ್ಡಿನ ಎಸ್‌ಟಿಡಿ ಬೂತುಗಳಿದ್ದ ಕಾಲ. ಯಾರು ಕರೆ ಮಾಡಿದರು ಎಂದು ನಂಬರ್ ಕಾಣುತ್ತಿರಲಿಲ್ಲ. ಆ ಕಾಲದ ಒಂದು ಸಾಮಾನನ್ನು ಹಿಡಿದು ಪ್ರೀತಿ, ಹುಚ್ಚು ಎರಡನ್ನೂ ಅದರಿಂದಲೇ ತೆಗೆದದ್ದು ಚಿತ್ರಕಥೆಯ ಕೈಚಳಕ. ನಾನಂತೂ ಮೂರು ಸಲ ನೋಡಿದೆ, ಮೂರು ಸಲವೂ ರಾಹುಲ್ ಪರ. ಯಾರಿಗೂ ಬೇಡದವನ ಪಕ್ಷ ವಹಿಸಲು ಹನಿ ನಮಗೆ ಕಲಿಸಿಬಿಟ್ಟರು ಎಂದು ಬಹಳ ಕಡೆ ಹೇಳಿಕೊಂಡು ಬಂದಿದ್ದೇನೆ.

2000ದ ಇಸವಿ ಅವರ ದೊಡ್ಡ ವರ್ಷ. ಜನವರಿಯಲ್ಲಿ 'ಕಹೋ ನಾ ಪ್ಯಾರ್ ಹೈ'. ಕತೆ ರಾಕೇಶ್ ರೋಶನ್ ಅವರದು, ಚಿತ್ರಕಥೆ ಹನಿ ಇರಾನಿ ಮತ್ತು ರವಿ ಕಪೂರ್. ಹೊಸ ಹುಡುಗನನ್ನು ಹೀರೋ ಮಾಡಿ ಅರ್ಧ ದಾರಿಯಲ್ಲಿ ಕೊಂದುಬಿಟ್ಟರು. ಕೊಂದ ಮೇಲೆ ಅದೇ ಮುಖದ ಇನ್ನೊಬ್ಬನನ್ನು ನ್ಯೂಜಿಲೆಂಡಿನಲ್ಲಿ ತಂದು ನಿಲ್ಲಿಸಬೇಕು. ಸತ್ತವನಿಗೆ ಅತ್ತ ಪ್ರೇಕ್ಷಕ ಬದುಕಿರುವವನಿಗೆ ಚಪ್ಪಾಳೆ ಹೊಡೆಯಬೇಕು. ಸ್ವಲ್ಪ ಹದ ತಪ್ಪಿದರೂ ಜನ ಚಪ್ಪಲಿ ಹುಡುಕಿಕೊಳ್ಳುತ್ತಾರೆ. ತಪ್ಪಲಿಲ್ಲ. ಮೇ ತಿಂಗಳಲ್ಲಿ ಕುಂದನ್ ಶಾ ನಿರ್ದೇಶನದ 'ಕ್ಯಾ ಕೆಹನಾ', ಕತೆ ಹನಿಯವರದು. ಮದುವೆಯಿಲ್ಲದೆ ಬಸಿರಾದ ಕಾಲೇಜು ಹುಡುಗಿ ಮಗುವನ್ನು ಉಳಿಸಿಕೊಳ್ಳುತ್ತಾಳೆ. ಕೊನೆಗೆ ತಪ್ಪು ಒಪ್ಪಿಕೊಂಡು ಬಂದವನನ್ನೂ ಬೇಡ ಎನ್ನುತ್ತಾಳೆ. ನಮ್ಮ ಸಿನಿಮಾಗಳಲ್ಲಿ ಇಂಥ ಹುಡುಗಿಗೆ ಮೊದಲು ನದಿಯನ್ನೋ ಬಾವಿಯನ್ನೋ ತೋರಿಸುತ್ತಿದ್ದರು. ಇಲ್ಲಿ ಅವಳು ಕ್ಲಾಸಿಗೆ ಹೋಗುತ್ತಾಳೆ. ಆ ವರ್ಷದ ಫಿಲಂಫೇರ್‌ನಲ್ಲಿ ಕಥೆಗೆ ಒಂದು, ಚಿತ್ರಕಥೆಗೆ ಒಂದು, ಎರಡೂ ಹನಿಯವರಿಗೆ.

2003ರಲ್ಲಿ 'ಅರ್ಮಾನ್' ನಿರ್ದೇಶಿಸಿದರು. ಆಸ್ಪತ್ರೆಯ ಕತೆ, ಅಮಿತಾಭ್ ಬಚ್ಚನ್, ಅನಿಲ್ ಕಪೂರ್ ಎಲ್ಲ ಇದ್ದರು. ಹಾಡು ಜಾವೇದ್ ಅವರದು. ಮದುವೆ ಮುಗಿದರೂ ಕೆಲಸದ ನಂಟು ಮುಗಿಯಲಿಲ್ಲ ನೋಡಿ. ಸಿನಿಮಾ ಓಡಲಿಲ್ಲ, ನನಗೂ ಅಷ್ಟು ಹಿಡಿಸಲಿಲ್ಲ. 'ಕೋಯಿ ಮಿಲ್ ಗಯಾ', 'ಕ್ರಿಶ್' ಚಿತ್ರಕಥೆಗಳಲ್ಲಿ ನಾಲ್ಕಾರು ಜನರ ಹೆಸರಿನ ಜೊತೆ ಇವರದೂ ಇದೆ. ಅಷ್ಟು ಜನ ಕೈ ಹಾಕಿ ರುಬ್ಬಿದ ಹಿಟ್ಟಿನಲ್ಲಿ ಯಾರ ಕೈ ಎಲ್ಲಿದೆ ಎಂದು ಹೇಳುವುದು ಕಷ್ಟ, ಹಾಗಾಗಿ ಬಿಡುತ್ತೇನೆ. ಮಕ್ಕಳ ಬಗ್ಗೆ ನಿಮಗೆ ನನಗಿಂತ ಜಾಸ್ತಿ ಗೊತ್ತು. ಫರ್ಹಾನ್ 2001ರಲ್ಲಿ ತಾವೇ ಬರೆದು ನಿರ್ದೇಶಿಸಿ ಶುರು ಮಾಡಿದರು, ಜೋಯಾ 2009ರಲ್ಲಿ. ಇಬ್ಬರೂ ಮೊದಲ ಸಿನಿಮಾವನ್ನು ತಾವೇ ಬರೆದುಕೊಂಡರು ಎಂಬುದನ್ನು ಗಮನಿಸಿ.

ಇಷ್ಟು ಹೇಳಿ ನಾನು ಕೂತೆ. ಪ್ರಶ್ನೆ ಇದ್ದರೆ ಕೇಳಿ ಎಂದರು. ಮೂರನೇ ಸಾಲಿನಿಂದ ಒಬ್ಬರು ಎದ್ದರು. ಎಪ್ಪತ್ತರ ಹತ್ತಿರದ ವಯಸ್ಸು, ಕೈಯಲ್ಲಿ ಒದ್ದೆ ಕೊಡೆ.

"ಆ ಫೋನಿನ ಸೀನು ಇದೆಯಲ್ಲ, ಅದನ್ನು ಬರೆದದ್ದು ಹೆಂಗಸಾ?"

"ಹೌದು ಅಕ್ಕ."

"ಇಷ್ಟು ವರ್ಷ ಗಂಡಸರು ಬರೆದದ್ದು ಅಂದುಕೊಂಡಿದ್ದೆ." ಸ್ವಲ್ಪ ಹೊತ್ತು ಸುಮ್ಮನಿದ್ದರು. "ನಾನು ಆಗ ಕೋಟೆಯ ಹತ್ತಿರ ಕೆಲಸಕ್ಕೆ ಹೋಗುತ್ತಿದ್ದೆ. ಒಬ್ಬ ದಾದರ್‌ನಿಂದ ದಿನಾ ಹಿಂದೆ ಬರುತ್ತಿದ್ದ. ಮನೆಯಲ್ಲಿ ಹೇಳಿರಲಿಲ್ಲ. ಆ ಸಿನಿಮಾಕ್ಕೆ ತಮ್ಮಂದಿರ ಜೊತೆ ಹೋಗಿದ್ದೆ, ಅವರೆಲ್ಲ ಶಿಳ್ಳೆ ಹೊಡೆಯುತ್ತಿದ್ದರು. ನೀವೂ ಅವನ ಪರ ಅಂದಿರಿ. ನಾನು ಅವನನ್ನು ನೋಡಲೇ ಇಲ್ಲ ಮಾರಾಯ್ರೆ. ಫೋನು ರಿಂಗಾದಾಗೆಲ್ಲ ಅವಳ ಕೈಯನ್ನೇ ನೋಡುತ್ತಿದ್ದೆ, ಎತ್ತುತ್ತಾಳಾ ಇಲ್ಲವಾ ಅಂತ."